ಹುಟ್ಟುಹಬ್ಬದ ಸುತ್ತಿನಲ್ಲಿ ಒಂದು ಖಾಲಿ ಕುರ್ಚಿ

"ಇಷ್ಟು ವರ್ಷದಲ್ಲಿ ಎಷ್ಟು ಕುರ್ಚಿ ಮಾಡಿದ್ದೀಯ?" ಎಂದು ಯಾರಾದರೂ ಕೇಳಿದರೆ ಕೋಬುಸ್ ಸ್ಮಲ್ಡರ್ಸ್ ಸ್ವಲ್ಪ ಹೊತ್ತು ಲೆಕ್ಕ ಹಾಕುವವನಂತೆ ಮುಖ ಮಾಡಿ, "ಒಂದೂ ಇಲ್ಲ" ಎನ್ನುತ್ತಿದ್ದ. ಕೇಳಿದವರು ಕಕ್ಕಾಬಿಕ್ಕಿಯಾದರೆ ಬಿಡಿಸಿ ಹೇಳುತ್ತಿದ್ದ: "ಕುರ್ಚಿ ಮಾಡೋರು ಮಹಡಿ ಮೇಲೆ ಕೂತು ನಕ್ಷೆ ಬರೆಯೋ ಡ್ರಾಯಿಂಗ್ ಆಫೀಸಿನವರು. ನಾನು ಕೊಳವೆ ಬಗ್ಗಿಸ್ತೀನಿ, ಅಷ್ಟೆ."

ಬೇಸರದಿಂದ ಹೇಳುತ್ತಿದ್ದ ಮಾತಲ್ಲ ಅದು. ಕೋಬುಸ್‌ನಿಗೆ ಬೇಸರ ಮಾಡಿಕೊಳ್ಳುವ ಕಲೆ ಸಿದ್ಧಿಸಿರಲೇ ಇಲ್ಲ. ಐಂದ್‌ಹೋವನ್ ನಗರದಿಂದ ಸೈಕಲ್ಲಿನಲ್ಲಿ ಗಾಳಿ ಹಿಂದಿನಿಂದ ಬೀಸಿದರೆ ಅರ್ಧ ಗಂಟೆ, ಮುಂದಿನಿಂದ ಬೀಸಿದರೆ ಒಂದು ಗಂಟೆ ದೂರದಲ್ಲಿರುವ ನಮ್ಮ ಹಾಲ್ಡೈಕ್ ಊರಿನಲ್ಲಿ ಅರ್ಧ ಜನ ಹಾಗೆನ್ ಕುರ್ಚಿ ಕಾರ್ಖಾನೆಯಲ್ಲಿ ಕೆಲಸ ಮಾಡುತ್ತಿದ್ದರು. ಉಳಿದರ್ಧ ಜನ ಅವರ ಕುರ್ಚಿಗಳ ಬಗ್ಗೆ ತಪ್ಪು ಹುಡುಕುತ್ತಿದ್ದರು. ಕೋಬುಸ್ ಮೊದಲ ಗುಂಪಿನಲ್ಲಿದ್ದುಕೊಂಡೇ ಎರಡನೆಯ ಗುಂಪಿಗೂ ಕೈಲಾದ ಸೇವೆ ಸಲ್ಲಿಸುತ್ತಿದ್ದ.

ಅವನ ಅಪ್ಪ ಬಡಗಿ. ಕಪ್ಪು ಓಕ್ ಮರದ ಬೀರುಗಳ ಬಡಗಿ. ಆ ಬೀರುಗಳ ಕಾಲಿಗೆ ಸಿಂಹದ ಪಂಜ, ನೆತ್ತಿಗೆ ದ್ರಾಕ್ಷಿ ಗೊಂಚಲು, ಎರಡೂ ಬಾಗಿಲುಗಳ ಮೇಲೆ ಯಾರೋ ಗಡ್ಡದ ಮುದುಕನ ಸಿಟ್ಟಿನ ಮುಖ. ಅಂಥ ಬೀರು ಒಂದು ಮನೆಯಲ್ಲಿದ್ದರೆ ಕಳ್ಳರು ಬರುತ್ತಿರಲಿಲ್ಲ. ಮಕ್ಕಳೂ ಆ ಕೋಣೆಗೆ ಹೋಗುತ್ತಿರಲಿಲ್ಲ. ಆದರೆ ಮಹಾಯುದ್ಧ ಮುಗಿದ ಮೇಲೆ ಎದ್ದ ಹೊಸ ಮನೆಗಳು ಬೆಂಕಿಪೊಟ್ಟಣದಷ್ಟಿದ್ದವು, ಅವುಗಳ ಮೆಟ್ಟಿಲು ಏಣಿಯಷ್ಟು ಕಡಿದಾಗಿದ್ದವು. ಬೀರು ಒಳಗೆ ಬಂದರೆ ಮನೆಯವರು ಹೊರಗೆ ಹೋಗಬೇಕು. ಜನ ಹಗುರವಾದದ್ದು, ಒಂದು ಕೈಯಲ್ಲಿ ಎತ್ತಿ ಮಹಡಿಗೆ ಒಯ್ಯುವಂಥದ್ದು ಕೇಳತೊಡಗಿದರು. ನಮ್ಮ ದೇಶದ ವಿನ್ಯಾಸ ಹೇಗೆ ಬೆಳೆಯಿತು, ಲೋಕವೆಲ್ಲ ಅದನ್ನು ಹೇಗೆ ಮೆಚ್ಚಿತು ಎಂದು ದಪ್ಪ ಪುಸ್ತಕ ಬರೆದವರು ದೊಡ್ಡ ದೊಡ್ಡ ಕಾರಣ ಕೊಡುತ್ತಾರೆ: ಹೊಸ ಕಾಲದ ಮನಸ್ಸಂತೆ, ಗೆರೆಯ ಶುದ್ಧಿಯಂತೆ, ವಸ್ತುವಿನ ಪ್ರಾಮಾಣಿಕತೆಯಂತೆ. ಹಾಲ್ಡೈಕ್‌ನವರನ್ನು ಕೇಳಿದರೆ ಕಾರಣ ಒಂದೇ: ಮೆಟ್ಟಿಲು.

ಹದಿನೈದನೆಯ ವಯಸ್ಸಿಗೆ ಕೋಬುಸ್ ಹಾಗೆನ್ ಕಾರ್ಖಾನೆಯಲ್ಲಿ ಕುರ್ಚಿಗೆ ಉಕ್ಕಿನ ಕೊಳವೆ ಬಗ್ಗಿಸುವ ಕೆಲಸಕ್ಕೆ ಸೇರಿದಾಗ ಅಪ್ಪ ಒಂದು ವಾರ ಮಾತು ಬಿಟ್ಟ. ಆಮೇಲೆ ಊಟದ ಮೇಜಿನಲ್ಲಿ ಬಾಯಿ ಬಿಟ್ಟವನೇ, "ನಲ್ಲಿ ರಿಪೇರಿ ಕಲಿಯೋಕೆ ಹೋಗ್ತಿದ್ದೀಯೇನೋ? ಪೈಪಿನ ಮೇಲೆ ಕೂರೋ ಮನುಷ್ಯರು ಎಲ್ಲಾದ್ರೂ ಇದಾರಾ?" ಎಂದ.

ಇದ್ದರು. ಎಲ್ಲೆಲ್ಲೂ ಇದ್ದರು. ಕೋಬುಸ್ ಕೊಳವೆಯೊಳಗೆ ಒಣ ಮರಳು ತುಂಬಿ, ಎರಡೂ ಬಾಯಿಗೆ ಬಿರಡೆ ಬಡಿದು, ಕಾಯಿಸಿ, ಮಗುವಿನ ಕೈ ತಿರುಗಿಸುವಷ್ಟು ನಿಧಾನವಾಗಿ ಬಗ್ಗಿಸುವುದನ್ನು ಕಲಿತ. ಮರಳಿಲ್ಲದೆ ಬಗ್ಗಿಸಿದರೆ ಬಾಗಿನಲ್ಲಿ ಸುಕ್ಕು ಬೀಳುತ್ತದೆ. ಮುಂದೆ ಯಂತ್ರ ಬಂತು, ಮರಳು ಹೋಯಿತು. ಅವನ ಬಾಗುಗಳು ಒಸಾಕಾದ ಆಸ್ಪತ್ರೆಗಳಲ್ಲಿ, ಸಾವೊ ಪೌಲೊದ ಕಾಲೇಜುಗಳಲ್ಲಿ, ಹೆಸರು ಹೇಳಲು ಬಾರದ ವಿಮಾನ ನಿಲ್ದಾಣಗಳಲ್ಲಿ ಹೋಗಿ ನಿಂತವು. ಟಿವಿ ವಾರ್ತೆಯಲ್ಲಿ ಯಾವುದೋ ದೇಶದ ಮಂತ್ರಿ ಕಾರ್ಖಾನೆಯ ಹನ್ನೊಂದನೇ ನಂಬರ್ ಕುರ್ಚಿಯಲ್ಲಿ ಕೂತು ಯುದ್ಧ ಘೋಷಿಸುತ್ತಿದ್ದರೆ, ಕೋಬುಸ್ ಹೆಂಡತಿಗೆ ತೋರಿಸುತ್ತಿದ್ದ: "ದೀನಾ, ಅಲ್ನೋಡು, ಅವನ ಬೆನ್ನ ಹಿಂದಿರೋ ಬಾಗು ನಂದು."

"ನಿಂದೇ ಇರಬೇಕು," ಎನ್ನುತ್ತಿದ್ದಳು ದೀನಾ. "ಅದಕ್ಕೇ ಅವನಿಗೆ ಇಷ್ಟು ಸಿಟ್ಟು."

ಒಮ್ಮೆ ಕಾರ್ಖಾನೆಯವರು ಎಲ್ಲರನ್ನೂ ಬಸ್ಸಿನಲ್ಲಿ ಮಿಲಾನ್‌ಗೆ ಕರೆದುಕೊಂಡು ಹೋದರು. ಅಲ್ಲಿನ ಒಂದು ವಸ್ತುಸಂಗ್ರಹಾಲಯದಲ್ಲಿ ಅದೇ ಹನ್ನೊಂದನೇ ನಂಬರ್ ಕುರ್ಚಿ ಬಿಳಿ ಪೀಠದ ಮೇಲೆ ದೀಪದಡಿ ಒಂಟಿಯಾಗಿ ನಿಂತಿತ್ತು. ಕೋಬುಸ್ ಹಗ್ಗ ದಾಟಿ ಹೋಗಿ, ಕುರ್ಚಿಯನ್ನು ತಲೆಕೆಳಗು ಮಾಡಿ, ಬೆಸುಗೆ ಹೇಗಿದೆ ನೋಡತೊಡಗಿದ. ಕಾವಲುಗಾರ ಓಡಿಬಂದ. ಮುಂದಿನ ಅರ್ಧ ಗಂಟೆ ಕೋಬುಸ್ ಒಂದು ಕಚೇರಿಯಲ್ಲಿ ಕೂತಿರಬೇಕಾಯಿತು. ಆ ಕಚೇರಿಯಲ್ಲಿದ್ದ ಕುರ್ಚಿ ಸೊಂಟ ಮುರಿಯುವಂಥದ್ದು ಎಂದು ಊರಿಗೆ ಬಂದು ಹೇಳಿದ್ದೇ ಹೇಳಿದ್ದು. ಮಿಲಾನ್ ನಗರದ ಬಗ್ಗೆ ಅವನು ಬೇರೇನೂ ಹೇಳಲಿಲ್ಲ.

ಆಮೇಲೆ ವಿನ್ಯಾಸದ ಅಕಾಡೆಮಿಯಲ್ಲಿ ಓದಿದ ಹುಡುಗ ಹುಡುಗಿಯರ ಕಾಲ ಬಂತು. ಇಬ್ಬರು ಒಟ್ಟಿಗೆ ಕೂತರೆ ಮಾತ್ರ ನಿಲ್ಲುವ ಬೆಂಚು, ಬೇಯಿಸಿದ ಉಣ್ಣೆಯ ಕುರ್ಚಿ, ಮಳೆ ಬಂದರೆ ಬಣ್ಣ ಬಿಡುವ ಕುರ್ಚಿ. ಪ್ರತಿ ಅಕ್ಟೋಬರಿನ ವಿನ್ಯಾಸ ಮೇಳದಲ್ಲಿ ಐಂದ್‌ಹೋವನ್ ತುಂಬ ಇಂಥವೇ. ನೋಡಲು ಲೋಕವೆಲ್ಲ ಬರುತ್ತದೆ. ಕುರ್ಚಿಗೆ ನಾವು ಕಡಿಮೆ ಸಾಮಾನು ಹಾಕಿದಷ್ಟೂ ಹೊರಗಿನವರು ಹೆಚ್ಚು ಮೆಚ್ಚುತ್ತಾರೆ ಎಂಬುದು ನಮಗೆ ಅಷ್ಟು ಹೊತ್ತಿಗೆ ಗೊತ್ತಾಗಿತ್ತು. ಕೋಬುಸ್ ಮೊದಮೊದಲು ಗೊಣಗಿದ. ಆದರೆ ಇಬ್ಬರು ಕೂರುವ ಬೆಂಚಿನ ಮಾದರಿ ಮಾಡುವಾಗ ಅದರ ಮೇಲೆ ದೀನಾಳ ಜೊತೆ ಕೂತ. ಅವಳು ಎದ್ದು ಹೋದಳು. ಇವನು ನೆಲಕ್ಕೆ ಬಿದ್ದ. ಬಿದ್ದಲ್ಲೇ ನಕ್ಕು, "ಈ ಮಕ್ಕಳಿಗೆ ಮದುವೆ ಅಂದ್ರೇನು ಅಂತ ಗೊತ್ತಿದೆ ಬಿಡು" ಎಂದ. ಅಂದಿನಿಂದ ಗೊಣಗಾಟ ಅರ್ಧಕ್ಕರ್ಧ ಕಡಿಮೆಯಾಯಿತು.

ಇನ್ನು ಹಾಗೆನ್ ಕಾರ್ಖಾನೆಯ ಪರೀಕ್ಷೆಯ ಬಗ್ಗೆ ಹೇಳಬೇಕು. ಬೇರೆ ಕಾರ್ಖಾನೆಗಳಲ್ಲಿ ಕುರ್ಚಿಯ ಮೇಲೆ ಮರಳುಮೂಟೆ ಹೇರಿ ಯಂತ್ರದಿಂದ ಕುಕ್ಕುತ್ತಾರೆ. ನಮ್ಮಲ್ಲೂ ಕುಕ್ಕುತ್ತಿದ್ದರು. ಆದರೆ ಕೊನೆಯ ಮಾತು ಯಂತ್ರದ್ದಲ್ಲ, ಹುಟ್ಟುಹಬ್ಬದ್ದು. ಕೆಲಸಗಾರರಲ್ಲಿ ಯಾರದಾದರೂ ಹುಟ್ಟುಹಬ್ಬ ಬಂದರೆ ಹೊಸ ಮಾದರಿಗಳನ್ನು ವ್ಯಾನಿನಲ್ಲಿ ಅವರ ಮನೆಗೆ ಕಳಿಸುವುದು, ಅವರ ಸ್ವಂತ ಕುರ್ಚಿಗಳ ನಡುವೆ ಬೆರೆಸಿ ಇಡುವುದು. ಹುಟ್ಟುಹಬ್ಬಕ್ಕೆ ಬಂದ ನೆಂಟರು ಗೋಡೆಗುಂಟ ಸುತ್ತಾಗಿ ಕೂತರೆಂದರೆ ಮುಗಿಯಿತು. ಮೊಣಕಾಲಿಗೆ ಮೊಣಕಾಲು ತಾಗಿಸಿಕೊಂಡು, ತೊಡೆಯ ಮೇಲೆ ಹಣ್ಣು ತುಂಬಿ ಬೇಯಿಸಿದ ಅಗಲ ಕಡುಬಿನ ತುಂಡಿನ ತಟ್ಟೆ ಇಟ್ಟುಕೊಂಡು ಮೂರು ನಾಲ್ಕು ಗಂಟೆ ಅಲ್ಲಾಡುವ ಹಾಗಿಲ್ಲ. ಮೊದಲು ಕಾಫಿ, ಕಡುಬು. ಆಮೇಲೆ ಬಿಯರು, ಸಾಸಿವೆ ಹಚ್ಚಿದ ಚೀಸ್ ತುಂಡು, ಮಾಂಸ ತುಂಬಿದ ಬ್ರೆಡ್ಡು. ಡ್ರಾಯಿಂಗ್ ಆಫೀಸಿನಿಂದ ಒಬ್ಬರು ಬಂದು ಸುಮ್ಮನೆ ಕೂತು ನೋಡುತ್ತಾರೆ: ಯಾರು ಮಗ್ಗುಲು ಬದಲಿಸಿದರು, ಯಾರು ಬೇಡದಿದ್ದರೂ ಬಚ್ಚಲಿಗೆ ಹೋಗಿಬಂದರು, ಯಾರು ಕದಲದೆ ಕೂತರು. ಕುರ್ಚಿ ಹೇಗಿದೆ ಎಂದು ಕೇಳುವಂತಿಲ್ಲ. ಕೇಳಿದರೆ ನಮ್ಮವರು ಹೇಳುತ್ತಾರೆ. ಕುರ್ಚಿಯಿಂದ ಶುರು ಮಾಡಿ, ಕೇಳಿದವರ ತಲೆಗೂದಲು, ಅವರ ತಂಗಿಯ ಗಂಡ, ಅವರು ವೋಟು ಹಾಕುವ ಪಕ್ಷದವರೆಗೆ ಎಲ್ಲವನ್ನೂ ಹೇಳುತ್ತಾರೆ.

ಕೋಬುಸ್‌ನಿಗೆ ಅರವತ್ತೈದು ತುಂಬುವ ವರ್ಷ. ವರ್ಷದ ಕೊನೆಗೆ ನಿವೃತ್ತಿ. ನಿವೃತ್ತರಾದವರ ಮನೆಗೆ ವ್ಯಾನು ಬರುವುದಿಲ್ಲ. ಹಾಗಾಗಿ ನವೆಂಬರಿನ ಈ ಹುಟ್ಟುಹಬ್ಬವೇ ಅವನ ಮನೆಯ ಕೊನೆಯ ಪರೀಕ್ಷೆ. ಆ ಬೇಸಿಗೆಯೆಲ್ಲ ಅವನು ಹಿತ್ತಲ ಶೆಡ್ಡಿನಲ್ಲಿ ಬಾಗಿಲು ಹಾಕಿಕೊಂಡು, ಹಳೆಯ ರೀತಿಯಲ್ಲಿ ಮರಳು ತುಂಬಿ, ಒಂದೇ ಕೊಳವೆಯನ್ನು ಎಲ್ಲೂ ತುಂಡು ಮಾಡದೆ ಬಗ್ಗಿಸಿ, ಕಾಲು, ಕೈ, ಬೆನ್ನು ಎಲ್ಲ ಅದರಲ್ಲೇ ಬರುವಂತೆ ಒಂದು ಕುರ್ಚಿ ಮಾಡಿದ್ದ. ಆಸನಕ್ಕೆ ದೀನಾ ಕೆರೆಯ ಜೊಂಡು ನೇಯ್ದಿದ್ದಳು.

ಹಿಂದೊಮ್ಮೆ ಮದುವೆಯಾದ ಹೊಸತರಲ್ಲಿ ಅವನು ಒಂದು ಮೂರು ಕಾಲಿನ ಸ್ಟೂಲು ಮಾಡಿದ್ದ. ಅದರಲ್ಲಿ ಕೂತು ಎದ್ದವರೆಲ್ಲ ಸ್ವಲ್ಪ ಹೊತ್ತು ಓರೆಯಾಗಿ ನಡೆಯುತ್ತಿದ್ದರು. ಈಗ ಅದರ ಮೇಲೆ ಕಳ್ಳಿ ಗಿಡದ ಕುಂಡ ಇದೆ. "ಕಳ್ಳಿ ಇದುವರೆಗೂ ದೂರು ಹೇಳಿಲ್ಲ," ಎಂದು ದೀನಾ ಬಂದವರಿಗೆಲ್ಲ ಹೇಳುತ್ತಿದ್ದಳು. ಆ ಸ್ಟೂಲಿನ ಹೆದರಿಕೆಯಿಂದಲೇ ಈ ಸಲ ಯಾರಿಗೂ ಹೇಳುವುದಿಲ್ಲ ಎಂದು ಕೋಬುಸ್ ನಿರ್ಧರಿಸಿದ್ದ. ಕಾರ್ಖಾನೆಯ ಮಾದರಿಗಳ ನಡುವೆ ತನ್ನ ಕುರ್ಚಿಯನ್ನೂ ಇಡುವುದು. ಜನ ನೆಮ್ಮದಿಯಾಗಿ ಕೂತರೆ ಕಾರ್ಖಾನೆಯ ಯಜಮಾನ ಲೌರೆನ್ಸ್‌ಗೆ ಹೇಳುವುದು. ಕೂರದಿದ್ದರೆ ಕತ್ತರಿಸಿ ಹುರುಳಿಕಾಯಿ ಬಳ್ಳಿಗೆ ಆಸರೆ ಮಾಡುವುದು.

"ಎರಡರಲ್ಲಿ ಒಂದು ಉಪಯೋಗಕ್ಕಂತೂ ಬರುತ್ತೆ," ಎಂದಳು ದೀನಾ.

"ನೀನು ಬಾಯಿ ಬಿಡಬಾರದು."

"ನಾನ್ಯಾಕೆ ಬಿಡ್ಲಿ? ಜೊಂಡು ನೇಯ್ದು ಬೆರಳೆಲ್ಲ ಕುಯ್ದುಕೊಂಡಿರೋಳು ನಾನು, ಹೆಸರು ತಗೊಳ್ಳೋನು ನೀನು. ಬಾಯಿ ಬಿಡೋಕೆ ಏನಿದೆ ಇದ್ರಲ್ಲಿ?"

ಹುಟ್ಟುಹಬ್ಬದ ಭಾನುವಾರ ಮಧ್ಯಾಹ್ನ ಸೋನೆ ಹಿಡಿದಿತ್ತು. ಮನೆಯ ಕುರ್ಚಿಗಳ ನಡುವೆ ಕಾರ್ಖಾನೆಯ ಹೊಸ ಮಾದರಿಗಳು ಕೂತವು. ಒಲೆಯ ಪಕ್ಕ, ಬೆಳಕು ಚೆನ್ನಾಗಿ ಬೀಳುವ ಜಾಗದಲ್ಲಿ, ಕೋಬುಸ್‌ನ ಕುರ್ಚಿ. ಇಟ್ಟು, ದೂರ ನಿಂತು ನೋಡಿ, ಇಷ್ಟು ಒಳ್ಳೆಯ ಜಾಗ ಕೊಟ್ಟರೆ ಅನುಮಾನ ಬಂದೀತೆಂದು ಒಂದು ಗೇಣು ಸರಿಸಿ, ಮತ್ತೆ ಮನಸ್ಸು ತಡೆಯದೆ ವಾಪಸ್ಸು ಅಲ್ಲಿಗೇ ತಂದಿಟ್ಟ.

ಮೊದಲು ಬಂದವಳು ಅಕ್ಕ ಮೀಯಾ. ತಮ್ಮನ ಕೈ ಕುಲುಕಿ ಮೂರು ಸಲ ಕೆನ್ನೆಗೆ ಮುತ್ತಿಟ್ಟು ಹರಸಿದಳು. ಗಂಡನ ಹುಟ್ಟುಹಬ್ಬಕ್ಕೆಂದು ದೀನಾಳನ್ನೂ ಹರಸಿದಳು; ಹುಟ್ಟುಹಬ್ಬದವನ ಜೊತೆ ಮನೆಮಂದಿಯನ್ನೆಲ್ಲ ಹರಸುವುದು ನಮ್ಮಲ್ಲಿ ರೂಢಿ. ಆಮೇಲೆ ಸೀದಾ ಒಲೆಯ ಕಡೆ ನಡೆದಳು. ಕೋಬುಸ್‌ನ ಕೈಯಲ್ಲಿದ್ದ ಕಾಫಿ ಜಗ್ಗು ಅಲ್ಲೇ ನಿಂತಿತು. ಮೀಯಾ ಕುರ್ಚಿಯ ಕೈಯನ್ನು ಒಮ್ಮೆ ಸವರಿದಳು. ಜೊಂಡನ್ನು ಬೆರಳಿನಿಂದ ಒತ್ತಿದಳು. ಆಮೇಲೆ ತಿರುಗಿ ಹೋಗಿ ಬಾಗಿಲ ಬಳಿಯ ಮಡಚುವ ಕುರ್ಚಿಯಲ್ಲಿ ಕೂತಳು.

"ಅಲ್ಲಿ ಗಾಳಿ ಬರುತ್ತಕ್ಕ," ಎಂದ ಕೋಬುಸ್.

"ಗಾಳಿ ಇರ್ಲಿ ಬಿಡೋ. ನಂಗೆ ಇದೇ ಸಾಕು."

ಎರಡನೆಯವನು ದೀನಾಳ ತಮ್ಮ ಗೆರಿಟ್. ಕಸಾಯಿ ಅಂಗಡಿಯವನು, ಎಮ್ಮೆಯಂಥ ಆಳು. ಯಾವ ಕುರ್ಚಿಗೂ ಅವನೇ ಕೊನೆಯ ಪರೀಕ್ಷೆ. ಅವನು ಬಂದು ಭಾವನನ್ನು ಹರಸಿದ, ಅಕ್ಕನನ್ನು ಹರಸಿದ, ಮೀಯಾಳನ್ನು ಹರಸಿದ. ಒಲೆಯ ಪಕ್ಕದ ಕುರ್ಚಿಯ ಮುಂದೆ ನಿಂತು ಪ್ಯಾಂಟು ಮೇಲೆಳೆದುಕೊಂಡ. ಗೆರಿಟ್ ಒಮ್ಮೆ ಸುತ್ತ ನೋಡಿ, ಹೋಗಿ ಅಡುಗೆಮನೆಯ ಸ್ಟೂಲು ತಂದು ಅದರ ಮೇಲೆ ಕೂತ. ಸ್ಟೂಲು ಕಿರುಗುಟ್ಟಿತು.

"ಅಲ್ಲಿ ಕುರ್ಚಿ ಖಾಲಿ ಇದೆಯಲ್ಲಪ್ಪ, ಗೆರಿಟ್!"

"ನೋಡ್ದೆ ಭಾವ. ಕಾಫಿ ಆರೋಗುತ್ತೆ, ಹಾಕಿ."

ಕೋಬುಸ್‌ನ ಅಪ್ಪನ ತಂಗಿ, ಅತ್ತೆ ತ್ರೂಸ್ ಬಂದರು. ಎಂಬತ್ತಾರು ವರ್ಷ, ಕೋಲು ಬೇರೆ. ವಯಸ್ಸಾದವರಿಗೆ ಒಲೆಯ ಪಕ್ಕ ಬೇಕೇ ಬೇಕು ಎಂದು ಕೋಬುಸ್ ಕೈ ಹಿಡಿದು ಆ ಕಡೆಗೇ ನಡೆಸಿದ. ಅತ್ತೆ ಅರ್ಧ ದಾರಿಯಲ್ಲಿ ಕೋಲು ಊರಿ ನಿಂತರು.

"ಆ ಕಡೆ ಯಾಕಪ್ಪ ಎಳ್ಕೊಂಡು ಹೋಗ್ತೀಯ? ನಾನೇನು ಮಹಾರಾಣಿನಾ? ನಂಗೆ ಗೋಡೆ ಪಕ್ಕ ಆ ಹಳೇದು ಹಾಕು. ಅದ್ರ ಸ್ಪ್ರಿಂಗು ನಂಗೆ ಚೆನ್ನಾಗಿ ಗೊತ್ತು, ಅದಕ್ಕೆ ನಾನೂ ಗೊತ್ತು."

ಡ್ರಾಯಿಂಗ್ ಆಫೀಸಿನಿಂದ ಫೆನ್ನಾ ಬಂದಳು. ಊರಿನದೇ ಹುಡುಗಿ, ಅಕಾಡೆಮಿಯಲ್ಲಿ ಓದಿ ವಾಪಸ್ಸು ಬಂದವಳು. ಇವತ್ತು ನೋಡುವ ಕಣ್ಣು ಅವಳದೇ. ಎಲ್ಲರನ್ನೂ ಒಂದು ಸುತ್ತು ಹರಸಿ, ಒಲೆಯ ಪಕ್ಕದ ಕುರ್ಚಿಯನ್ನು ತಲೆ ಓರೆ ಮಾಡಿ ಎಷ್ಟೋ ಹೊತ್ತು ನೋಡಿದಳು. ಕೋಬುಸ್‌ನಿಗೆ ತನ್ನ ಶರಟಿನ ಗುಂಡಿ ಬಿಚ್ಚಿಕೊಂಡಂತೆ ಅನಿಸಿತು. ಫೆನ್ನಾ ನೆಲದ ಮೇಲೆ ಚಕ್ಕಳಬಕ್ಕಳ ಹಾಕಿ ಕೂತಳು.

ನೆಂಟರು ಬರುತ್ತಲೇ ಇದ್ದರು. ಕಾರ್ಖಾನೆಯ ಮಾದರಿಗಳು ತುಂಬಿದವು, ಹಳೆಯ ಕುರ್ಚಿಗಳು ತುಂಬಿದವು, ತೋಟದಿಂದ ತಂದ ಒದ್ದೆ ಬೆಂಚೂ ತುಂಬಿತು. ಬಂದವರೆಲ್ಲ ಒಲೆಯ ಪಕ್ಕಕ್ಕೆ ಹೋಗುವುದು, ನೋಡುವುದು, ತಿರುಗುವುದು. ಕೋಬುಸ್ ಅಡುಗೆಮನೆಗೆ ಹೋಗಿ ಕಡುಬು ಕುಯ್ಯುತ್ತಿದ್ದ ದೀನಾಳ ಪಕ್ಕ ನಿಂತ.

"ನೋಡಿದ್ಯಾ? ಕೂತು ಎದ್ದಿದ್ರೆ ಬೇರೆ ಮಾತು. ಕೂರೋಕೂ ಮನಸ್ಸಿಲ್ಲ. ಆ ಒದ್ದೆ ಬೆಂಚಿನ ಮೇಲೆ ಕೂರ್ತಾರೆ, ನಂದರ ಮೇಲೆ ಕೂರಲ್ಲ."

"ಹೇಳಿಬಿಡ್ಲಾ?"

"ಬೇಡ! ಹೇಳಿದ್ರೆ ಕರುಣೆಗೆ ಕೂರ್ತಾರೆ. ಕರುಣೆಗೆ ಕೂತ್ರೆ ಅದೊಂದು ಕೂರೋದಾ?"

"ಹುರುಳಿಕಾಯಿ ಸಂತೋಷವಾಗಿ ಏರುತ್ತೆ ಬಿಡು," ಎಂದು ದೀನಾ ಅವನ ಬೆನ್ನು ಸವರಿದಳು. ಆದರೆ ಕಡುಬಿನ ದೊಡ್ಡ ತುಂಡನ್ನೇ ಅವನಿಗೆ ಕೊಟ್ಟಳು. ಅವಳಿಗೂ ಒಳಗೊಳಗೇ ಕಸಿವಿಸಿಯಾಗಿತ್ತು.

ಆಗ ಲೌರೆನ್ಸ್ ಬಂದ. ಜೊತೆಯಲ್ಲಿ ಸಾವೊ ಪೌಲೊದಿಂದ ಬಂದಿದ್ದ ವ್ಯಾಪಾರಿ ಅನ್ಸೆಲ್ಮೊ. ಕಾರ್ಖಾನೆಯ ಮಾಲನ್ನು ಅಲ್ಲಿ ಮಾರುವವನು, ಹೊಳೆಯುವ ಬೂಟಿನ, ನಗುಮುಖದ ಗಂಡಸು. ಹುಟ್ಟುಹಬ್ಬದ ಪರೀಕ್ಷೆ ಎಂದರೇನು ನೋಡಬೇಕೆಂದು ಅವನೇ ಹಟ ಹಿಡಿದು ಬಂದಿದ್ದನಂತೆ. ಲೌರೆನ್ಸ್ ಹೇಳಿಕೊಟ್ಟಂತೆ ಅನ್ಸೆಲ್ಮೊ ಒಬ್ಬರನ್ನೂ ಬಿಡದೆ ಎಲ್ಲರ ಕೈ ಕುಲುಕಿ ಹರಸಿದ, ಬೆಕ್ಕನ್ನೂ ಹರಸಿದ. ಊರಿಗೆಲ್ಲ ಅವನು ಹಿಡಿಸಿಬಿಟ್ಟ. ಆಮೇಲೆ ಕೈ ಉಜ್ಜಿಕೊಳ್ಳುತ್ತ ಸುತ್ತ ನೋಡಿ, ನೇರವಾಗಿ ಒಲೆಯ ಪಕ್ಕಕ್ಕೆ ಹೋಗಿ, ಕೋಬುಸ್‌ನ ಕುರ್ಚಿಯಲ್ಲಿ ಆರಾಮಾಗಿ ಕೂತುಬಿಟ್ಟ.

ಕೋಣೆಯಲ್ಲಿ ಮಾತು ನಿಂತಿತು. ಅನ್ಸೆಲ್ಮೊ ಎಲ್ಲರನ್ನೂ ನೋಡಿ ನಕ್ಕ. ಯಾರೂ ನಗಲಿಲ್ಲ.

ಮೀಯಾಳೇ ಮೊದಲು ಬಾಯಿ ತೆರೆದದ್ದು. "ಆ ಕುರ್ಚಿ ತ್ರೂಸ್ ಅತ್ತೆಗೆ ಅಂತ ಬಿಟ್ಟಿದ್ದೆ ನಾನು."

"ನಂಗಾ?" ಎಂದರು ಅತ್ತೆ. "ನಾನು ಯಜಮಾನ್ರು ಬರ್ತಾರೆ ಅಂತ ಬಿಟ್ಟಿದ್ದು. ಊರಿಗೆ ದೊಡ್ಡೋರು ಬಂದಾಗ ಒಳ್ಳೇ ಕುರ್ಚಿ ಇರ್ಬೇಡ್ವಾ?"

"ನಾನು ಭಾವನಿಗೆ ಅಂತ ಬಿಟ್ಟಿದ್ದೆ," ಎಂದ ಗೆರಿಟ್. "ಹುಟ್ಟುಹಬ್ಬದವನು ಮಧ್ಯಾಹ್ನದಿಂದ ಜಗ್ಗು ಹಿಡ್ಕೊಂಡು ನಿಂತಿದಾನೆ, ಒಳ್ಳೇದ್ರಲ್ಲಿ ನಾನು ಕೂತ್ಕೊಳ್ಲಾ? ಈ ಸ್ಟೂಲಿನ ಮೇಲೆ ಕೂತು ಕೂತು ನನ್ನ ತೊಡೆ ಜೋಮು ಹಿಡೀತು."

"ಹಾಗಾದ್ರೆ ಆ ಕುರ್ಚಿ..." ಎಂದು ಕೋಬುಸ್ ಶುರು ಮಾಡಿದ. "ಆ ಕುರ್ಚಿ ನಿಮಗೆ ಇಷ್ಟ ಆಗ್ಲಿಲ್ವಾ?"

"ಇಷ್ಟ ಆಗ್ಲಿಲ್ಲ ಅಂತ ಯಾರಂದ್ರು?" ಮೀಯಾ ತಮ್ಮನ ಮೇಲೆ ರೇಗಿದಳು. "ಇಷ್ಟ ಆಗಿರೋದಕ್ಕೇ ತಾನೆ ಬಿಟ್ಟಿದ್ದು! ಕಣ್ಣಿಗೆ ಕಾಣೋವಷ್ಟು ಚೆನ್ನಾಗಿರೋ ಕುರ್ಚಿಗೆ ಹೋಗಿ ಮೊದ್ಲು ತಿಕ ಊರೋದಕ್ಕೆ ನಮ್ಮಮ್ಮ ನಮಗೇನು ಹಾಗೆ ಹೇಳಿಕೊಟ್ಟಿದ್ಲಾ?"

ನಮ್ಮೂರಿನ ಮಟ್ಟಿಗೆ ಇದು ತಾಯಿಯ ಹಾಲು ಕುಡಿಯುವಾಗಲೇ ಮೈಗೆ ಹತ್ತಿದ್ದು. ಕಡುಬಿನ ಅತ್ಯಂತ ಸಣ್ಣ ತುಂಡು ತೆಗೆದುಕೊಳ್ಳುವುದು, ಕೊನೆಯ ತುಂಡನ್ನು ಯಾರೂ ಮುಟ್ಟದೆ ಒಣಗಿಸುವುದು, ಇದ್ದುದರಲ್ಲಿ ಕೆಟ್ಟ ಕುರ್ಚಿ ಹುಡುಕಿ ಕೂರುವುದು. ಲೋಕಕ್ಕೆಲ್ಲ ಕುರ್ಚಿ ಮಾಡಿ ಕಳಿಸುವ ನಮಗೆ ಒಳ್ಳೆಯ ಕುರ್ಚಿಯಲ್ಲಿ ಕೂರುವ ಅಭ್ಯಾಸವೇ ಇಲ್ಲ. ಅರವತ್ತೈದು ವರ್ಷ ಹೀಗೆಯೇ ಬದುಕಿದ ಕೋಬುಸ್‌ನಿಗೆ ಅದು ಹೊಳೆಯದೆ ಹೋದದ್ದು, ಆ ಕುರ್ಚಿ ಒಳ್ಳೆಯದಿದ್ದೀತು ಎಂಬುದನ್ನು ಅವನು ನಂಬದೆ ಇದ್ದದ್ದರಿಂದ.

ಫೆನ್ನಾ ನೆಲದ ಮೇಲಿಂದಲೇ ಲೌರೆನ್ಸ್‌ಗೆ ಕೇಳಿದಳು, "ನೀವು ಈ ಮಾದರಿ ಕಳಿಸ್ತೀನಿ ಅಂತ ನನಗೆ ಹೇಳ್ಲೇ ಇಲ್ವಲ್ಲ?"

"ನಾನಾ? ನೀನು ಮಾಡಿದ್ದು ಅಂದ್ಕೊಂಡೆ," ಎಂದ ಲೌರೆನ್ಸ್.

ದೀನಾ ಕಡುಬಿನ ಚಾಕು ಹಿಡಿದು ಬಾಗಿಲಲ್ಲಿ ನಿಂತಿದ್ದಳು. ಮುಖ ಕೆಂಪಾಗಿತ್ತು. ಬೇಸಿಗೆಯೆಲ್ಲ ಹಿಡಿದಿಟ್ಟ ಬಾಯಿ. "ಜೊಂಡು ನಂದು," ಎಂದಳು. "ಉಳಿದದ್ದು ಅವನದು." ಹೇಳಿ ಒಳಗೆ ಹೋಗಿಬಿಟ್ಟಳು.

ಇನ್ನು ಅನ್ಸೆಲ್ಮೊನನ್ನು ಅಲ್ಲಿ ಕೂರಲು ಯಾರು ಬಿಡುತ್ತಾರೆ? ಗೆರಿಟ್ ಸ್ಟೂಲು ಒದ್ದು ಎದ್ದ. ಗೆರಿಟ್ ಆದ ಮೇಲೆ ಮೀಯಾ, ಮೀಯಾ ಆದ ಮೇಲೆ ಅತ್ತೆ, ಹೀಗೆ ಸರದಿ ಹತ್ತಿತು. ಈಗ ಅದು ಬಿಟ್ಟುಕೊಡಬೇಕಾದ ಒಳ್ಳೆಯ ಕುರ್ಚಿಯಾಗಿ ಉಳಿದಿರಲಿಲ್ಲವಲ್ಲ, ಮನೆಯವನದಾಗಿತ್ತು. ಮನೆಯವರ ವಸ್ತುವನ್ನು ಬಳಸಲು ಸಂಕೋಚವಿಲ್ಲ, ಬೈಯಲಂತೂ ಇಲ್ಲವೇ ಇಲ್ಲ.

"ಕೈ ಎತ್ತರ ಆಯ್ತು ಭಾವ. ಬಿಯರ್ ಎತ್ತಿದ್ರೆ ಮೊಣಕೈ ಬಡಿಯುತ್ತೆ."

"ಬೆನ್ನು ಪರವಾಗಿಲ್ಲ. ಪರವಾಗಿಲ್ಲ ಅಂದ್ರೆ ನಿಜವಾಗ್ಲೂ ಪರವಾಗಿಲ್ಲ ಕಣೋ," ಎಂದಳು ಮೀಯಾ. ಅವಳಿಂದ ಇಷ್ಟು ದೊಡ್ಡ ಹೊಗಳಿಕೆ ಅವನಿಗೆ ಮದುವೆಯಲ್ಲೂ ಸಿಕ್ಕಿರಲಿಲ್ಲ.

"ನೀನು ಮಾಡಿದ್ದು ಅಂತ ಮೊದ್ಲೇ ಹೇಳಿದ್ರೆ ನಾನು ಕೂರ್ತಾನೇ ಇರ್ಲಿಲ್ಲ," ಎಂದರು ಅತ್ತೆ ತ್ರೂಸ್, ಎದ್ದೇಳದೆ. "ಆ ಸ್ಟೂಲಿನ ನೆನಪು ಸೊಂಟಕ್ಕೆ ಇನ್ನೂ ಇದೆ."

ಫೆನ್ನಾ ಎಲ್ಲರಿಗಿಂತ ಕೊನೆಗೆ ಕೂತಳು. ಕಣ್ಣು ಮುಚ್ಚಿಕೊಂಡಳು. "ಕೋಬುಸ್ ಮಾಮ, ಗೆರಿಟ್ ಹೇಳಿದ್ದು ಸರಿ. ಕೈ ಎರಡು ಬೆರಳು ಇಳಿಸ್ಬೇಕು. ಮುಂದಿನ ಅಡ್ಡ ಕೊಳವೆ ತೊಡೆಗೆ ಒತ್ತುತ್ತೆ. ಅದನ್ನ ಇನ್ನೂ ಸ್ವಲ್ಪ ಬಗ್ಗಿಸಿದ್ರೆ ಜೊಂಡು ತಾನೇ ಇಳಿಯುತ್ತೆ."

ಕೋಬುಸ್ ಬಗ್ಗಿ ನೋಡಿದ. ಅವಳು ಹೇಳಿದ್ದು ನಿಜ. ಬೇಸಿಗೆಯೆಲ್ಲ ತಾನು ಕೂತೂ ಕೂತೂ ನೋಡಿದ್ದರೂ ಅದು ಗೊತ್ತಾಗಿರಲಿಲ್ಲ. ಅವನ ಕಾಲು ಕೊಕ್ಕರೆಯಂತೆ ಉದ್ದ. "ಅದು ನಂಗೆ ತಿಳಿಯೋಕೆ ಸಾಧ್ಯನೇ ಇರ್ಲಿಲ್ಲ," ಎಂದ. ತಪ್ಪು ಹುಡುಕುತ್ತಿದ್ದಾರೆ ಎಂದರೆ ಕುರ್ಚಿಯನ್ನು ಲೆಕ್ಕಕ್ಕೆ ತೆಗೆದುಕೊಂಡಿದ್ದಾರೆ ಎಂದೇ ಅರ್ಥ; ಅವನ ಮುಖ ಒಲೆಯಂತೆ ಬೆಳಗುತ್ತಿತ್ತು.

"ಆದ್ರೆ ಇದು ಪರೀಕ್ಷೆ ಅಂತ ಆಗಲ್ಲ, ಕೋಬುಸ್," ಎಂದ ಲೌರೆನ್ಸ್. ಅವನ ತಾತ ಹಾಕಿದ ನಿಯಮ ಅದು. ಮುರಿಯುವ ಧೈರ್ಯ ಮೊಮ್ಮಗನಿಗೆ ಇರಲಿಲ್ಲ. "ಯಾರ ಕೈಕೆಲಸ ಅಂತ ಗೊತ್ತಾದ ಮೇಲೆ ಜನ ನೋಡೋದೇ ಬೇರೆ. ನೀವು ಅದನ್ನ ಸರಿ ಮಾಡಿ. ಇನ್ನೊಬ್ಬರ ಮನೆಗೆ ವ್ಯಾನಿನಲ್ಲಿ ಕಳಿಸೋಣ. ನೀವು ಆ ಮನೆಗೆ ಹೋಗೋ ಹಾಗಿಲ್ಲ. ಅಲ್ಲಿ ಪಾಸಾದ್ರೆ ಕಾರ್ಖಾನೆ ಮಾಡುತ್ತೆ."

ಕೋಬುಸ್ ಕುರ್ಚಿಯ ಕೈಗಳನ್ನು ಇಳಿಸಿದ. ಅಡ್ಡ ಕೊಳವೆಯನ್ನು ಬಗ್ಗಿಸಿದ. ದೀನಾ ಜೊಂಡು ಬಿಚ್ಚಿ ಮತ್ತೆ ನೇಯ್ದಳು, ಬೈಯುತ್ತಲೇ. ಡಿಸೆಂಬರಿನ ಮೊದಲ ಭಾನುವಾರ ಬಣ್ಣ ಹೊಡೆಯುವ ವಿಭಾಗದ ಕೋರ್‌ನ ಹುಟ್ಟುಹಬ್ಬ. ಕುರ್ಚಿ ವ್ಯಾನು ಹತ್ತಿತು. ಕಾರ್ಖಾನೆಗೆ ಸೇರಿದಂದಿನಿಂದ ಬೇರೆಯವರ ಕುರ್ಚಿಗಳನ್ನು ಆ ವ್ಯಾನಿಗೆ ಏರಿಸಿದ್ದ ಕೋಬುಸ್ ಈ ಸಲ ಏರಿಸಲು ಹೋಗಲಿಲ್ಲ. ಕಿಟಕಿಯಿಂದ ನೋಡುತ್ತ ನಿಂತ.

ಆ ಮಧ್ಯಾಹ್ನ ಅವನಿಗೆ ಮನೆಯಲ್ಲಿ ಕಾಲು ನಿಲ್ಲಲಿಲ್ಲ. "ಸ್ವಲ್ಪ ಗಾಳಿಗೆ ಹೋಗಿಬರ್ತೀನಿ," ಎಂದು ಸೈಕಲ್ ತೆಗೆದ. ಹೊರಗೆ ಟೋಪಿ ಹಾರಿಸುವಷ್ಟು ಗಾಳಿ. ಅವನು ಹೋದದ್ದು ಕೋರ್‌ನ ಬೀದಿಗೆ. ನಮ್ಮ ಮನೆಗಳ ಮುಂದಿನ ಕಿಟಕಿಗೆ ಪರದೆ ಎಳೆಯುವ ರೂಢಿ ಇಲ್ಲ. ಒಳಗೆ ನಡೆಯುವುದನ್ನು ದಾರಿಹೋಕರು ನೋಡಬಹುದು, ಆದರೆ ನಿಂತು ನೋಡುವುದು ಮರ್ಯಾದೆಯಲ್ಲ. ಹಾಗಾಗಿ ಕೋಬುಸ್ ನಿಲ್ಲಲಿಲ್ಲ. ಬಹಳ ನಿಧಾನವಾಗಿ ಸೈಕಲ್ ತುಳಿದ. ಬೀದಿಯ ಕೊನೆಗೆ ಹೋಗಿ ಏನೋ ಮರೆತವನಂತೆ ತಿರುಗಿ ಬಂದ. ಮತ್ತೆ ಮರೆತ.

ಒಳಗೆ ಸುತ್ತು ತುಂಬಿತ್ತು. ತನ್ನ ಕುರ್ಚಿ ಎಲ್ಲಿದೆಯೆಂದು ಮೊದಲು ಕಾಣಲೇ ಇಲ್ಲ. ಆಮೇಲೆ ಕಂಡಿತು: ಅದರ ಬೆನ್ನಿನ ಮೇಲೆ ಯಾರೋ ಪಾತ್ರೆ ಒರೆಸುವ ಒಂದು ಮಾಸಿದ ಬಟ್ಟೆ ಹಾಸಿದ್ದರು, ಅದೂ ಅಂಚು ಹರಿದದ್ದು. ಕೋಬುಸ್‌ನಿಗೆ ಒಂದು ಕ್ಷಣ ಉರಿದುಹೋಯಿತು. ಮರುಕ್ಷಣ ಗೋಡೆಯ ಬಳಿ ಕೂತಿದ್ದ ಫೆನ್ನಾ ಕಿಟಕಿಯ ಕಡೆ ನೋಡಿ, ಬಟ್ಟೆಯ ಕಡೆ ಕಣ್ಸನ್ನೆ ಮಾಡಿ, ಮುಖ ತಿರುಗಿಸಿಕೊಂಡಳು. ಅವನಿಗೆ ಅರ್ಥವಾಯಿತು. ಇಡೀ ಕೋಣೆಯಲ್ಲಿ ಅದನ್ನೇ ಅತ್ಯಂತ ಕೆಟ್ಟ ಕುರ್ಚಿ ಎನಿಸುವಂತೆ ಮಾಡಿದ್ದಳು ಜಾಣೆ. ಅದರ ಮೇಲೆ ಕೂರಲು ನಮ್ಮವರು ನಾ ಮುಂದು ತಾ ಮುಂದು ಎಂದು ಕಿತ್ತಾಡಿರಬೇಕು.

ಗೆದ್ದು ಕೂತಿದ್ದವರು ನಿವೃತ್ತ ಅಂಚೆಯವರು ಹುಬೆರ್ಟ್. ಹುಬೆರ್ಟ್ ಎಂದರೆ ಎದ್ದು ನಿಲ್ಲುವುದಕ್ಕೇ ಹೆಸರಾದ ಮನುಷ್ಯ. ಹೆಂಗಸರು ಬಂದರೆ ಏಳುತ್ತಾರೆ, ಪಾದ್ರಿ ಬಂದರೆ ಏಳುತ್ತಾರೆ, ನಲ್ಲಿ ರಿಪೇರಿಯವನು ಬಂದರೂ ಏಳುತ್ತಾರೆ. ಹುಟ್ಟುಹಬ್ಬಗಳಲ್ಲಿ ಅವರು ಎದ್ದು ಕೂತು ಎದ್ದು ಕೂತು ಮಾಡಿದರೆ ಆ ಸುತ್ತಿನವರಿಗೆಲ್ಲ ಕಾಫಿ ಚೆಲ್ಲುತ್ತದೆ.

ಕೋಬುಸ್ ನೋಡುತ್ತಿದ್ದಂತೆ ಬೀದಿಯಲ್ಲಿ ಒಂದು ಕಾರು ನಿಂತಿತು. ಊರಿನ ಮೇಯರ್ ಇಳಿದು, ಹೂಗುಚ್ಛ ಹಿಡಿದು, ಕೋರ್‌ನ ಮನೆಯೊಳಗೆ ಹೋದರು. ಸುತ್ತಿನಲ್ಲಿ ಕೂತಿದ್ದವರು ಏಳತೊಡಗಿದರು. ಮೇಯರ್ ಒಬ್ಬೊಬ್ಬರ ಕೈ ಕುಲುಕುತ್ತ ಬಂದರು. ಹುಬೆರ್ಟ್ ಮುಂದಕ್ಕೆ ಬಾಗಿದರು. ಎರಡೂ ಕೈ ಕುರ್ಚಿಯ ಕೈಗಳ ಮೇಲೆ ಊರಿದರು. ಎದ್ದೇಬಿಟ್ಟರು ಎಂದುಕೊಂಡ ಕೋಬುಸ್. ಬೀದಿಯಲ್ಲಿ ನಿಲ್ಲಬಾರದೆಂಬುದನ್ನು ಮರೆತು ಪೆಡಲ್ ಮೇಲಿನ ಕಾಲು ನೆಲಕ್ಕೆ ಕೊಟ್ಟಿದ್ದ. ಹುಬೆರ್ಟ್ ಅರೆಗಳಿಗೆ ಹಾಗೆಯೇ ಇದ್ದರು. ಆಮೇಲೆ ಮೈ ಹಿಂದಕ್ಕೆ ಬಿಟ್ಟು, ಬಟ್ಟೆಗೆ ಬೆನ್ನು ಕೊಟ್ಟು, ಕೂತಲ್ಲೇ ಕೈ ಚಾಚಿದರು.

ಮೇಯರ್ ಬಗ್ಗಿ ಕೈ ಕುಲುಕಿದರು.

ಕೋಬುಸ್ ಮನೆಗೆ ಬಂದಾಗ ಕೆನ್ನೆ ಗಾಳಿಗೆ ಕೆಂಪೇರಿತ್ತು, ಟೋಪಿ ಕೈಯಲ್ಲಿತ್ತು. ದೀನಾ ಆಲೂಗಡ್ಡೆ ಸಿಪ್ಪೆ ತೆಗೆಯುತ್ತಿದ್ದಳು. ಅವನನ್ನು ನೋಡಿ ಚಾಕು ನಿಲ್ಲಿಸಿದಳು.

"ಹುಬೆರ್ಟ್ ಏಳ್ಲಿಲ್ಲ," ಎಂದ ಕೋಬುಸ್.

"ಯಾರು ಬಂದಾಗ?"

"ಮೇಯರ್ ಬಂದಾಗ."

ದೀನಾ ಸಿಪ್ಪೆ ತೆಗೆಯುತ್ತಿದ್ದ ಆಲೂಗಡ್ಡೆಯನ್ನು ನೀರಿಗೆ ಹಾಕಿದಳು. ಕೈ ಒರೆಸಿಕೊಂಡು, ಬೆರಳುಗಳ ಮೇಲೆ ಇನ್ನೂ ಮಾಯದ ಗೀರುಗಳನ್ನು ಒಂದೊಂದಾಗಿ ನೋಡಿಕೊಂಡಳು.

"ಹಾಗಾದ್ರೆ ನಾಳೆನೇ ಲೌರೆನ್ಸ್‌ಗೆ ಹೇಳಿಬಿಡು," ಎಂದಳು. "ಜೊಂಡು ನೇಯೋಕೆ ಬೇರೆ ಜನ ಹುಡುಕ್ಲಿ. ನಾನು ಹೇಳಿಕೊಡ್ತೀನಿ, ಕೂತ್ಕೊಂಡು. ಒಳ್ಳೇ ಕುರ್ಚೀಲಿ."